ಹೋಮ್ ಲೋನ್‌ಗೆ ನಿಜಕ್ಕೂ ಎಷ್ಟು ಖರ್ಚಾಗುತ್ತದೆ? ಬೆಂಗಳೂರಿನಲ್ಲಿ ಮನೆ ಕೊಳ್ಳುವವರಿಗೆ ಹಂತ ಹಂತದ ಲೆಕ್ಕ

ಮನೆ ಕೊಳ್ಳಲು ಹೊರಟವರಲ್ಲಿ ಹೆಚ್ಚಿನವರು ಬ್ಯಾಂಕಿನಲ್ಲಿ ಕೇಳುವ ಪ್ರಶ್ನೆ ಒಂದೇ: “ತಿಂಗಳಿಗೆ ಇಎಂಐ ಎಷ್ಟು ಬರುತ್ತೆ?” ಆ ಮೊತ್ತ ಸಂಬಳದಲ್ಲಿ ಹಿಡಿಸಿದರೆ ಲೆಕ್ಕ ಮುಗಿಯಿತು ಅಂದುಕೊಳ್ಳುತ್ತಾರೆ. ಐದು ವರ್ಷ ತಪ್ಪದೆ ಕಟ್ಟಿ, ಒಂದು ದಿನ ಸ್ಟೇಟ್‌ಮೆಂಟ್ ತೆಗೆದು ನೋಡುತ್ತಾರೆ. ಕಟ್ಟಿದ್ದು 31 ಲಕ್ಷ, ಅಸಲು ಕರಗಿದ್ದು 7 ಲಕ್ಷ. ಬ್ಯಾಂಕಿನವರು ಮೋಸ ಮಾಡಿದರು ಅನ್ನಿಸುತ್ತದೆ. ಮೋಸ ಆಗಿರುವುದಿಲ್ಲ. ಮೊದಲ ದಿನವೇ ಹಾಕಬೇಕಿದ್ದ ಲೆಕ್ಕವನ್ನು ಹಾಕಿರುವುದಿಲ್ಲ, ಅಷ್ಟೇ.

ಇಎಂಐ ಅನ್ನುವುದು ಖರ್ಚಿನ ಅಳತೆಯಲ್ಲ. ಖರ್ಚು ಅಡಗಿರುವುದು ಅವಧಿಯಲ್ಲಿ. ಇಎಂಐ ಅಲುಗಾಡದೆ ನಿಂತಿದ್ದರೂ ಸಾಲದ ಬೆಲೆ ಹತ್ತಾರು ಲಕ್ಷ ಏರಬಹುದು. ಹೇಗೆ ಅಂತ ಹಂತ 4ರಲ್ಲಿ ಅಂಕಿ ಸಮೇತ ಇದೆ. ಆತುರವಿದ್ದವರು ಅದೊಂದನ್ನಾದರೂ ಓದಿ.

ಬರಹದುದ್ದಕ್ಕೂ ಒಂದೇ ಉದಾಹರಣೆ ಇಟ್ಟುಕೊಂಡಿದ್ದೇನೆ: 80 ಲಕ್ಷದ ಫ್ಲ್ಯಾಟ್, 60 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ. ನಿಮ್ಮ ಅಂಕಿ ಬೇರೆ ಇರುತ್ತದೆ. ಲೆಕ್ಕ ಹಾಕುವ ರೀತಿ ಬದಲಾಗುವುದಿಲ್ಲ.

## ಶುರು ಮಾಡುವ ಮುನ್ನ ಏನೇನು ಬೇಕು

ಒಂದು ಸ್ಪ್ರೆಡ್‌ಶೀಟ್ ಬೇಕು. ಎಕ್ಸೆಲ್ ಆಗಲಿ, ಗೂಗಲ್ ಶೀಟ್ಸ್ ಆಗಲಿ, ಯಾವುದಾದರೂ ಸರಿ. ಬ್ಯಾಂಕಿನಿಂದ ಕೆಎಫ್‌ಎಸ್ ಅನ್ನುವ ಕಾಗದ ಕೇಳಿ ಪಡೆಯಿರಿ. ಸಾಲದ ಮುಖ್ಯ ವಿವರಗಳೆಲ್ಲ ಒಂದೇ ಕಡೆ ಇರುವ ಪಟ್ಟಿ ಅದು. ಮನೆ ಇರುವ ಜಾಗದ ಸರ್ಕಾರಿ ಮಾರ್ಗಸೂಚಿ ಬೆಲೆ (ನೋಂದಣಿಗೆ ಸರ್ಕಾರ ಗೊತ್ತು ಮಾಡಿದ ಕನಿಷ್ಠ ಬೆಲೆ), ಬಿಲ್ಡರ್ ಅಥವಾ ಮಾಲೀಕರು ಕೊಟ್ಟ ಪೂರ್ತಿ ಖರ್ಚಿನ ಪಟ್ಟಿ, ಆ ಅಪಾರ್ಟ್‌ಮೆಂಟಿನ ಈಗಿನ ಮೇಂಟೆನೆನ್ಸ್ ಬಿಲ್ ಕೂಡ ಕೈಯಲ್ಲಿರಲಿ. ಬ್ಯಾಂಕ್ ವೆಬ್‌ಸೈಟಿನ ಇಎಂಐ ಕ್ಯಾಲ್ಕುಲೇಟರ್ ಒಂದನ್ನೇ ನಂಬಿ ಕೂರಬೇಡಿ. ಬಡ್ಡಿ ದರ 20 ವರ್ಷ ಹಾಗೇ ಇರುತ್ತದೆ ಅಂತ ಅದು ಅಂದುಕೊಳ್ಳುತ್ತದೆ. ಹಾಗೆ ಇರುವುದಿಲ್ಲ.

## ಹಂತ 1: ಮೊದಲ ದಿನ ಕೈಯಿಂದ ಹೋಗುವ ಹಣ ಬರೆಯಿರಿ

ಮನೆಯ ಪೂರ್ತಿ ಬೆಲೆಗೆ ಬ್ಯಾಂಕ್ ಸಾಲ ಕೊಡುವುದಿಲ್ಲ. ರಿಸರ್ವ್ ಬ್ಯಾಂಕ್ ನಿಯಮದ ಪ್ರಕಾರ ಸಾಲ 30 ಲಕ್ಷದವರೆಗಿದ್ದರೆ ಬೆಲೆಯ ಶೇ 90ರವರೆಗೆ ಕೊಡಬಹುದು. 30ರಿಂದ 75 ಲಕ್ಷದ ಸಾಲಕ್ಕೆ ಶೇ 80, ಅದಕ್ಕಿಂತ ಜಾಸ್ತಿಗೆ ಶೇ 75. ಮಿಕ್ಕಿದ್ದು ನಿಮ್ಮ ಜೇಬಿನಿಂದ. ನಮ್ಮ ಉದಾಹರಣೆಯಲ್ಲಿ ಅದು 20 ಲಕ್ಷ.

ಇಲ್ಲೇ ತುಂಬ ಜನ ಎಡವುತ್ತಾರೆ. 20 ಲಕ್ಷ ಜೋಡಿಸಿಟ್ಟು ಸಿದ್ಧ ಅಂದುಕೊಳ್ಳುತ್ತಾರೆ. ಸ್ಟಾಂಪ್ ಡ್ಯೂಟಿ, ನೋಂದಣಿ ಶುಲ್ಕವನ್ನು ಬ್ಯಾಂಕ್ ಮನೆಯ ಬೆಲೆಯಲ್ಲಿ ಸೇರಿಸುವುದಿಲ್ಲ. ಅದು ಪೂರ್ತಿ ನಿಮ್ಮದೇ. ಕರ್ನಾಟಕದಲ್ಲಿ 45 ಲಕ್ಷಕ್ಕಿಂತ ಜಾಸ್ತಿ ಬೆಲೆಯ ಆಸ್ತಿಗೆ ಸ್ಟಾಂಪ್ ಡ್ಯೂಟಿ ಶೇ 5. ಆ ಡ್ಯೂಟಿಯ ಮೇಲೆ ಶೇ 10 ಸೆಸ್, ನಗರದಲ್ಲಿ ಶೇ 2 ಸರ್ಚಾರ್ಜ್. ನೋಂದಣಿ ಶುಲ್ಕ ಮೊದಲು ಶೇ 1 ಇತ್ತು, 2025ರ ಆಗಸ್ಟ್ 31ರಿಂದ ಶೇ 2 ಆಗಿದೆ. ಎಲ್ಲ ಕೂಡಿದರೆ ಶೇ 7.6. 80 ಲಕ್ಷಕ್ಕೆ 6 ಲಕ್ಷ 8 ಸಾವಿರ ರೂಪಾಯಿ. ಹಳೆಯ ಬರಹಗಳಲ್ಲಿ ಶೇ 6.6 ಅಂತ ಇರುತ್ತದೆ. ಅದನ್ನು ನಂಬಿದರೆ ಸಬ್ ರಿಜಿಸ್ಟ್ರಾರ್ ಕಚೇರಿಯ ಬಾಗಿಲಲ್ಲಿ 80 ಸಾವಿರ ಕಡಿಮೆ ಬೀಳುತ್ತದೆ. ನೆನಪಿಡಿ, ಡ್ಯೂಟಿಯನ್ನು ಒಪ್ಪಂದದ ಬೆಲೆ ಮತ್ತು ಮಾರ್ಗಸೂಚಿ ಬೆಲೆ ಎರಡರಲ್ಲಿ ಯಾವುದು ಜಾಸ್ತಿಯೋ ಅದರ ಮೇಲೆ ಹಾಕುತ್ತಾರೆ.

ಇನ್ನೂ ಕಟ್ಟುತ್ತಿರುವ ಫ್ಲ್ಯಾಟ್ ಆದರೆ ಶೇ 5 ಜಿಎಸ್‌ಟಿ ಸೇರುತ್ತದೆ. 45 ಲಕ್ಷದೊಳಗಿನ, 60 ಚದರ ಮೀಟರ್ ಕಾರ್ಪೆಟ್ ಏರಿಯಾ (ಗೋಡೆಗಳ ಒಳಗೆ ಬಳಸಲು ಸಿಗುವ ಜಾಗ) ಮೀರದ ಮನೆಗೆ ಅದು ಶೇ 1. ಒಸಿ (ಕಟ್ಟಡ ವಾಸಕ್ಕೆ ಸಿದ್ಧ ಅನ್ನುವ ಪ್ರಮಾಣಪತ್ರ) ಸಿಕ್ಕ ಮೇಲೆ ಕೊಂಡರೆ ಜಿಎಸ್‌ಟಿ ಇಲ್ಲ. ಬೆಲೆ 50 ಲಕ್ಷ ಅಥವಾ ಅದಕ್ಕಿಂತ ಜಾಸ್ತಿ ಇದ್ದರೆ ಶೇ 1 ಟಿಡಿಎಸ್ (ಮಾರುವವರ ಲೆಕ್ಕಕ್ಕೆ ಮೊದಲೇ ಹಿಡಿಯುವ ತೆರಿಗೆ) ಹಿಡಿದು ಸರ್ಕಾರಕ್ಕೆ ಕಟ್ಟುವ ಹೊಣೆ ಕೊಳ್ಳುವವರದ್ದು. ಇದು ಹೆಚ್ಚುವರಿ ಖರ್ಚಲ್ಲ, ಮಾರುವವರಿಗೆ ಕೊಡುವ ಹಣದಿಂದಲೇ ಹಿಡಿಯುವುದು. ಆದರೆ ಮರೆತರೆ ಬಡ್ಡಿ, ದಂಡ ನಿಮ್ಮ ತಲೆಗೆ ಬರುತ್ತದೆ.

ಇವುಗಳ ಜೊತೆಗೆ ಬ್ಯಾಂಕಿನ ಪ್ರೊಸೆಸಿಂಗ್ ಫೀ, ಅದರ ಮೇಲೆ ಶೇ 18 ಜಿಎಸ್‌ಟಿ, ವಕೀಲರ ವರದಿ, ಮೌಲ್ಯಮಾಪನದ ಫೀ, ಕ್ರಯಪತ್ರ ಅಡವಿಡುವ ಎಂಒಡಿಟಿ ನೋಂದಣಿ, ಖಾತಾ ವರ್ಗಾವಣೆ. ಪ್ರೊಸೆಸಿಂಗ್ ಫೀ ಶೇ 0.5 ಅಂದರೆ 60 ಲಕ್ಷಕ್ಕೆ ಜಿಎಸ್‌ಟಿ ಸೇರಿ 35,400 ರೂಪಾಯಿ.

ಎಚ್ಚರಿಕೆಯ ಗುರುತು: “ಇದು ಬಿ ಖಾತಾ, ಆದ್ರೆ ಲೋನ್ ನಾವೇ ಮಾಡಿಸಿಕೊಡ್ತೀವಿ” ಅಂತ ಏಜೆಂಟ್ ಹೇಳಿದರೆ ಅಲ್ಲೇ ನಿಲ್ಲಿ. ಬಿ ಖಾತಾ ಅಂದರೆ ಅನುಮತಿ, ದಾಖಲೆಗಳು ಪೂರ್ತಿ ಸರಿಯಿಲ್ಲದ ಆಸ್ತಿಯ ಖಾತಾ. ಹೆಚ್ಚಿನ ಬ್ಯಾಂಕುಗಳು ಬಿ ಖಾತಾ ಆಸ್ತಿಯಿಂದ ದೂರ ಉಳಿಯುತ್ತವೆ. ಕೊಡುವ ಸಂಸ್ಥೆಗಳು ಬಡ್ಡಿ ಜಾಸ್ತಿ ಹಾಕುತ್ತವೆ. ಮುಂದೆ ಕಡಿಮೆ ಬಡ್ಡಿಯ ಬ್ಯಾಂಕಿಗೆ ಸಾಲ ವರ್ಗಾಯಿಸಲು ಹೋದಾಗಲೂ ಅದೇ ಖಾತಾ ಅಡ್ಡ ಬರುತ್ತದೆ. ಈಗ ನೋಂದಣಿಗೆ ಇ-ಖಾತಾ (ಖಾತಾದ ಡಿಜಿಟಲ್ ದಾಖಲೆ) ಬೇಕೇ ಬೇಕು. ಅದರ ಪ್ರತಿಯನ್ನು ಅಡ್ವಾನ್ಸ್ ಕೊಡುವ ಮೊದಲೇ ಕೇಳಿ.

## ಹಂತ 2: ತಿಂಗಳು ತಿಂಗಳ ಪಟ್ಟಿಯನ್ನು ನೀವೇ ಮಾಡಿ

ಬ್ಯಾಂಕ್ ಕೊಡುವ ಮರುಪಾವತಿ ಪಟ್ಟಿ ಇದ್ದೇ ಇರುತ್ತದೆ. ಆದರೂ ಒಮ್ಮೆ ನೀವೇ ಮಾಡಿ. ಅರ್ಧ ಗಂಟೆಯ ಕೆಲಸ. ಮುಂದಿನ ಎಲ್ಲ ಹಂತಗಳಿಗೂ ಇದೇ ಶೀಟ್ ಬೇಕು.

ಐದು ಕಾಲಂ ಹಾಕಿ: ತಿಂಗಳು, ಆರಂಭದ ಬಾಕಿ, ಬಡ್ಡಿ, ಅಸಲು, ಕೊನೆಯ ಬಾಕಿ. ಬಡ್ಡಿ ಅಂದರೆ ಬಾಕಿಯನ್ನು ವಾರ್ಷಿಕ ದರದಿಂದ ಗುಣಿಸಿ 1200ರಿಂದ ಭಾಗಿಸಿದ್ದು. ಇಎಂಐ ಎಷ್ಟು ಅನ್ನುವುದನ್ನು ಬ್ಯಾಂಕಿನ ಕ್ಯಾಲ್ಕುಲೇಟರಿನಿಂದ ತೆಗೆದುಕೊಳ್ಳಿ. ಇಎಂಐಯಲ್ಲಿ ಬಡ್ಡಿ ಕಳೆದು ಉಳಿದದ್ದು ಅಸಲಿಗೆ ಹೋಗುತ್ತದೆ. ಬಾಕಿಯಿಂದ ಆ ಅಸಲನ್ನು ಕಳೆದರೆ ಮುಂದಿನ ತಿಂಗಳ ಆರಂಭದ ಬಾಕಿ. ಈ ಸಾಲನ್ನು 240 ತಿಂಗಳಿಗೆ ಕೆಳಗೆ ಎಳೆಯಿರಿ. ದರವನ್ನು ಒಂದೇ ಕಡೆ ಬರೆದಿಟ್ಟು, ಎಲ್ಲ ಸಾಲುಗಳೂ ಅದನ್ನೇ ನೋಡುವ ಹಾಗೆ ಮಾಡಿ. ಆಗ ದರ ಬದಲಿಸಿದ ಕೂಡಲೇ ಪಟ್ಟಿ ಪೂರ್ತಿ ಬದಲಾಗುತ್ತದೆ.

ನಮ್ಮ ಉದಾಹರಣೆಯಲ್ಲಿ ಇಎಂಐ 52,069 ರೂಪಾಯಿ. ಮೊದಲ ತಿಂಗಳ ಬಡ್ಡಿಯೇ 42,500. ಅಸಲಿಗೆ ಹೋಗುವುದು 9,569 ಮಾತ್ರ. ಐದು ವರ್ಷದಲ್ಲಿ 31.24 ಲಕ್ಷ ಕಟ್ಟಿದ ಮೇಲೂ ಬಾಕಿ 52.88 ಲಕ್ಷ ಇರುತ್ತದೆ. ಹತ್ತು ವರ್ಷ ಮುಗಿದಾಗ, ಅಂದರೆ ಅರ್ಧ ದಾರಿಯಲ್ಲಿ, ಬಾಕಿ ಸುಮಾರು 42 ಲಕ್ಷ. ಸಮಯ ಅರ್ಧ ಸರಿದಿದೆ, ಸಾಲ ಕರಗಿದ್ದು ಶೇ 30. ಕೊನೆಗೆ ಒಟ್ಟು ಕಟ್ಟಿದ್ದು 1 ಕೋಟಿ 24.97 ಲಕ್ಷ. ಬಡ್ಡಿ 64.97 ಲಕ್ಷ, ಅಂದರೆ ತಂದ ಸಾಲಕ್ಕಿಂತ ಜಾಸ್ತಿ.

ಇದರಲ್ಲಿ ಗುಟ್ಟೇನೂ ಇಲ್ಲ. ಮೊದಮೊದಲು ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಐದಾರು ವರ್ಷದಲ್ಲಿ ಮಾರಿಬಿಡೋಣ ಅಂತ ಕೊಳ್ಳುವವರು ಈ ಭಾಗವನ್ನು ಎರಡು ಸಲ ಓದಬೇಕು. ಅಷ್ಟರಲ್ಲಿ ನೀವು ಕಟ್ಟಿರುವುದು ಬಹುಪಾಲು ಬಡ್ಡಿಯೇ.

## ಹಂತ 3: ಮೂರು ಅವಧಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ

ಶೀಟಿನ ಮೂರು ಪ್ರತಿ ಮಾಡಿ. ಒಂದು 15 ವರ್ಷಕ್ಕೆ, ಒಂದು 20ಕ್ಕೆ, ಒಂದು 30ಕ್ಕೆ.

15 ವರ್ಷ: ಇಎಂಐ 59,084, ಒಟ್ಟು ಬಡ್ಡಿ 46.35 ಲಕ್ಷ.
20 ವರ್ಷ: ಇಎಂಐ 52,069, ಒಟ್ಟು ಬಡ್ಡಿ 64.97 ಲಕ್ಷ.
30 ವರ್ಷ: ಇಎಂಐ 46,135, ಒಟ್ಟು ಬಡ್ಡಿ 1 ಕೋಟಿ 6 ಲಕ್ಷ.

20ರಿಂದ 30 ವರ್ಷಕ್ಕೆ ಹೋದರೆ ತಿಂಗಳಿಗೆ ಉಳಿಯುವುದು ಆರು ಸಾವಿರಕ್ಕೂ ಕಡಿಮೆ. ಅದಕ್ಕೆ ತೆರುವ ಬೆಲೆ 41 ಲಕ್ಷ. ಸೇಲ್ಸ್‌ನವರು “ಇಎಂಐ ಕಮ್ಮಿ ಮಾಡಿಕೊಡ್ತೀವಿ ಸಾರ್” ಅಂದರೆ ಅವರು ಮಾಡುವುದು ಹೆಚ್ಚಾಗಿ ಇದನ್ನೇ. ಬಡ್ಡಿ ಇಳಿಸುವುದಿಲ್ಲ, ಅವಧಿ ಹಿಗ್ಗಿಸುತ್ತಾರೆ. 30 ವರ್ಷದ ಸಾಲವೇ ತಪ್ಪು ಅಂತ ನಾನು ಹೇಳುತ್ತಿಲ್ಲ. ಕೆಲಸದ ಭದ್ರತೆ ಕಡಿಮೆ ಇರುವವರು ದೀರ್ಘ ಅವಧಿ ತೆಗೆದುಕೊಂಡು, ಕೈಯಲ್ಲಿ ಹಣ ಇದ್ದಾಗ ಮುಂಗಡವಾಗಿ ಕಟ್ಟುತ್ತಾ ಹೋಗಬಹುದು. ಆದರೆ ಆ ಮುಂಗಡವನ್ನು ನಿಜಕ್ಕೂ ಕಟ್ಟುವ ಶಿಸ್ತು ಬೇಕು. ನನ್ನ ಸಲಹೆ: ಕೈಯಲ್ಲಿ ಆರು ತಿಂಗಳ ಖರ್ಚಿನ ಹಣ ಉಳಿಸಿಕೊಂಡೂ ಕಟ್ಟಬಲ್ಲ ಅತಿ ಚಿಕ್ಕ ಅವಧಿಯನ್ನೇ ಆರಿಸಿ.

## ಹಂತ 4: ಬಡ್ಡಿ ದರ ಏರಿದರೆ ಏನಾಗುತ್ತದೆ ಅಂತ ಈಗಲೇ ನೋಡಿ

ಎಲ್ಲಕ್ಕಿಂತ ಜಾಸ್ತಿ ಹಣ ಸೋರುವುದು ಇಲ್ಲಿ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಫ್ಲೋಟಿಂಗ್ (ದರ ಬದಲಾಗುತ್ತಾ ಇರುವ) ಹೋಮ್ ಲೋನ್‌ಗಳು ಹೊರಗಿನ ಒಂದು ದರಕ್ಕೆ ಕಟ್ಟಿಕೊಂಡಿರಬೇಕು. ಹೆಚ್ಚಿನವು ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ (ಅದು ಬ್ಯಾಂಕುಗಳಿಗೆ ಸಾಲ ಕೊಡುವ ದರ) ಕಟ್ಟಿಕೊಂಡಿವೆ. ನಿಮ್ಮ ದರ ಅಂದರೆ ರೆಪೊ ಮತ್ತು ಅದರ ಮೇಲೆ ಬ್ಯಾಂಕ್ ಹಾಕುವ ಸ್ಪ್ರೆಡ್. ಕನಿಷ್ಠ ಮೂರು ತಿಂಗಳಿಗೊಮ್ಮೆ ಅದು ಬದಲಾಗಬೇಕು. 2022ರ ಮೇನಿಂದ 2023ರ ಫೆಬ್ರುವರಿವರೆಗೆ ರೆಪೊ ಶೇ 4ರಿಂದ 6.5ಕ್ಕೆ ಏರಿತು. 2025ರಲ್ಲಿ ಮತ್ತೆ ಇಳಿಯುತ್ತಾ ಡಿಸೆಂಬರ್ ಹೊತ್ತಿಗೆ 5.25ಕ್ಕೆ ಬಂತು. 20 ವರ್ಷದಲ್ಲಿ ಇಂಥ ಏರಿಳಿತ ಹಲವು ಸಲ ಬರುತ್ತದೆ ಅಂತಲೇ ಲೆಕ್ಕ ಹಾಕಿ.

ದರ ಏರಿದಾಗ ಬ್ಯಾಂಕುಗಳು ಸಾಮಾನ್ಯವಾಗಿ ಇಎಂಐ ಮುಟ್ಟುವುದಿಲ್ಲ, ಅವಧಿ ಹೆಚ್ಚಿಸುತ್ತವೆ. ಜೇಬಿಗೆ ತಕ್ಷಣ ಏನೂ ತಾಗದ ಕಾರಣ ನಮಗೆ ಗೊತ್ತೇ ಆಗುವುದಿಲ್ಲ. ಲೆಕ್ಕ ನೋಡಿ. ಸಾಲದ ಶುರುವಿನಲ್ಲೇ ದರ 8.5ರಿಂದ 9ಕ್ಕೆ ಏರಿತು ಅಂದುಕೊಳ್ಳಿ. ಇಎಂಐಯನ್ನು 1,915 ರೂಪಾಯಿ ಏರಿಸಿಕೊಂಡರೆ 20 ವರ್ಷದಲ್ಲಿ ಹೆಚ್ಚುವರಿ ಖರ್ಚು 4.6 ಲಕ್ಷ. ಇಎಂಐ ಹಾಗೇ ಬಿಟ್ಟು ಅವಧಿ ಹೆಚ್ಚಿಸಿದರೆ ಸಾಲ 240 ತಿಂಗಳ ಬದಲು 267 ತಿಂಗಳು ಓಡುತ್ತದೆ. ಹೆಚ್ಚುವರಿ ಖರ್ಚು 14 ಲಕ್ಷ ದಾಟುತ್ತದೆ. ಅದೇ ಅರ್ಧ ಪರ್ಸೆಂಟ್, ಖರ್ಚು ಮೂರು ಪಟ್ಟು.

ಏರಿಕೆ ದೊಡ್ಡದಾದರೆ ಇನ್ನೂ ಭಯವಾಗುತ್ತದೆ. ಶೇ 6.7 ದರದಲ್ಲಿ 60 ಲಕ್ಷ ತೆಗೆದುಕೊಂಡವರ ಇಎಂಐ 45,444. ವರ್ಷ ಕಳೆದಾಗ ಬಾಕಿ 58.52 ಲಕ್ಷ. ಆಗ ದರ ಎರಡೂವರೆ ಪರ್ಸೆಂಟ್ ಏರಿ 9.2 ಆದರೆ ತಿಂಗಳ ಬಡ್ಡಿಯೇ 44,867. ಅಸಲಿಗೆ ಹೋಗುವುದು 577 ರೂಪಾಯಿ. ಹಳೆಯ ಇಎಂಐಯಲ್ಲೇ ಮುಂದುವರಿದರೆ ಸಾಲ ತೀರಲು ಇನ್ನೂ 47 ವರ್ಷಕ್ಕಿಂತ ಜಾಸ್ತಿ ಬೇಕು. ಆ ಏರಿಕೆಯ ದಿನಗಳಲ್ಲಿ ಎಷ್ಟೋ ಜನರ ಸಾಲ ನಿವೃತ್ತಿ ವಯಸ್ಸನ್ನು ದಾಟಿ ಓಡಿದ್ದು ಹೀಗೆಯೇ.

ಹಾಗಾಗಿ ನಿಮ್ಮ ಶೀಟಿನಲ್ಲಿ ಇಂದಿನ ದರಕ್ಕೆ ಎರಡು ಪರ್ಸೆಂಟ್ ಸೇರಿಸಿ ನೋಡಿ. ಆ ಇಎಂಐಯನ್ನೂ ಕಟ್ಟಬಲ್ಲಿರಾ? ಇಲ್ಲ ಅಂದರೆ ಸಾಲದ ಮೊತ್ತ ಇಳಿಸಬೇಕು. ಚಿಕ್ಕ ಮನೆ ನೋಡಬೇಕಾಗಬಹುದು, ಸರ್ಜಾಪುರ ರಸ್ತೆಯ ಬದಲು ಇನ್ನೂ ಆಚೆ ಹೋಗಬೇಕಾಗಬಹುದು. ಈಗ ಕಷ್ಟ ಅನ್ನಿಸಿದರೂ ಆಮೇಲೆ ಅನುಭವಿಸುವುದಕ್ಕಿಂತ ಇದು ಹಗುರ.

ಈಗಾಗಲೇ ಸಾಲ ಇರುವವರಿಗೆ: 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆ ನಿಮ್ಮ ಪರವಾಗಿದೆ. ದರ ಬದಲಾದಾಗ ಇಎಂಐ ಹೆಚ್ಚಿಸಬೇಕೋ, ಅವಧಿ ಹೆಚ್ಚಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ, ಮುಂಗಡ ಕಟ್ಟಬೇಕೋ ಅನ್ನುವ ಆಯ್ಕೆಯನ್ನು ನಿಮಗೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಕೊಡುವ ವಿವರದಲ್ಲಿ ಇಲ್ಲಿಯವರೆಗೆ ಹಿಡಿದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ಇರಬೇಕು. ಸುಮ್ನೆ ಫೋನಿನಲ್ಲಿ ಕೇಳಬೇಡಿ. “ನನ್ನ ಅವಧಿ ಬದಲಿಸಬೇಡಿ, ಇಎಂಐ ಬದಲಿಸಿ” ಅಂತ ಇಮೇಲ್ ಕಳಿಸಿ, ಉತ್ತರ ಇಟ್ಟುಕೊಳ್ಳಿ.

ಇನ್ನೊಂದು ಮಾತು. ಹೊರಗಿನ ದರಕ್ಕೆ ಕಟ್ಟಬೇಕು ಅನ್ನುವ ನಿಯಮ ಇರುವುದು ಬ್ಯಾಂಕುಗಳಿಗೆ. ಹೌಸಿಂಗ್ ಫೈನಾನ್ಸ್ ಕಂಪನಿಗಳು ತಮ್ಮದೇ ಮೂಲ ದರ ಇಟ್ಟುಕೊಳ್ಳಬಹುದು. ರೆಪೊ ಇಳಿದಾಗ ಆ ಲಾಭ ನಿಮಗೆ ತಡವಾಗಿ ಬರಬಹುದು, ಪೂರ್ತಿ ಬರದೆಯೂ ಇರಬಹುದು. 2019ಕ್ಕಿಂತ ಹಿಂದಿನ ಸಾಲವಾದರೆ, ಅದು ಇನ್ನೂ ಬ್ಯಾಂಕ್ ತಾನೇ ಗೊತ್ತು ಮಾಡುವ ಹಳೆಯ ಮೂಲ ದರಗಳಾದ ಎಂಸಿಎಲ್‌ಆರ್ ಅಥವಾ ಬೇಸ್ ರೇಟ್‌ನಲ್ಲೇ ಇದೆಯೇ ನೋಡಿ. “ಫಿಕ್ಸೆಡ್ ರೇಟ್” ಅಂತ ಹೇಳಿದರೆ ಎಷ್ಟು ವರ್ಷ ಫಿಕ್ಸೆಡ್ ಅಂತ ಬರಹದಲ್ಲಿ ಕೇಳಿ. ಎರಡು ಮೂರು ವರ್ಷ ಮಾತ್ರ ಸ್ಥಿರವಾಗಿದ್ದು ಆಮೇಲೆ ಫ್ಲೋಟಿಂಗ್ ಆಗುವ ಸಾಲಗಳೂ ಇವೆ.

## ಹಂತ 5: ಕೆಎಫ್‌ಎಸ್ ಓದದೆ ಸಹಿ ಹಾಕಬೇಡಿ

2024ರ ಅಕ್ಟೋಬರ್ 1ರಿಂದ ಹೊಸ ಹೋಮ್ ಲೋನ್‌ಗಳಿಗೆ ಕೆಎಫ್‌ಎಸ್ ಕೊಡುವುದು ಕಡ್ಡಾಯ. ನಿಮಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕು ಅನ್ನುವುದೂ ನಿಯಮದಲ್ಲೇ ಇದೆ. ಕನ್ನಡದಲ್ಲಿ ಬೇಕು ಅಂತ ಧೈರ್ಯವಾಗಿ ಕೇಳಿ. ಓದಿ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಸಮಯ ಇರುತ್ತದೆ. “ಇವತ್ತೇ ಸಹಿ ಹಾಕದಿದ್ರೆ ಆಫರ್ ಹೋಗುತ್ತೆ” ಅನ್ನುವ ಮಾತಿಗೆ ಹೆದರಬೇಕಿಲ್ಲ.

ಅದರಲ್ಲಿ ಮೊದಲು ಎಪಿಆರ್ ಹುಡುಕಿ. ಬಡ್ಡಿಯ ಜೊತೆ ಫೀ, ವಿಮೆ ಮುಂತಾದವನ್ನೆಲ್ಲ ಸೇರಿಸಿದ ವಾರ್ಷಿಕ ದರ ಅದು. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ಬಡ್ಡಿಯನ್ನು ಬಿಟ್ಟು ಎಪಿಆರ್ ಹೋಲಿಸಿ. ಆಮೇಲೆ ಸ್ಪ್ರೆಡ್ ಎಷ್ಟು, ದರ ಯಾವಾಗ ಬದಲಾಗುತ್ತದೆ, ಕಂತು ತಪ್ಪಿದರೆ ದಂಡ ಎಷ್ಟು ನೋಡಿ. ಈ ಕಾಗದದಲ್ಲಿ ಇಲ್ಲದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆ ಇಲ್ಲದೆ ಆಮೇಲೆ ವಸೂಲು ಮಾಡುವಂತಿಲ್ಲ.

ತುಂಬ ಜನ ಗಮನಿಸದೆ ಬಿಡುವುದು ವಿಮೆ. ಸಾಲದ ಜೊತೆ ಒಂದೇ ಕಂತಿನ ವಿಮೆ ಸೇರಿಸಿ, ಆ ಪ್ರೀಮಿಯಂ ಅನ್ನೂ ಸಾಲಕ್ಕೇ ಕೂಡಿಸುತ್ತಾರೆ. ಪ್ರೀಮಿಯಂ ಒಂದೂವರೆ ಲಕ್ಷ ಆದರೆ ಇಎಂಐ 1,302 ರೂಪಾಯಿ ಏರುತ್ತದೆ. 20 ವರ್ಷದಲ್ಲಿ ಅದೇ ವಿಮೆಗೆ ನೀವು ಕೊಟ್ಟಿದ್ದು 3.12 ಲಕ್ಷ. ವಿಮೆ ಬೇಕೇ ಬೇಕು. ದುಡಿಯುವವರಿಗೆ ಏನಾದರೂ ಆದರೆ ಮನೆಯವರ ತಲೆ ಮೇಲೆ ಸಾಲ ಬೀಳಬಾರದು. ಆದರೆ ಬ್ಯಾಂಕ್ ತೋರಿಸಿದ ಪಾಲಿಸಿಯನ್ನೇ ಕೊಳ್ಳಬೇಕು ಅಂತ ಕಾನೂನಿಲ್ಲ. ಸಾಲದಷ್ಟು ಮೊತ್ತಕ್ಕೆ ಬೇರೆ ಟರ್ಮ್ ಪಾಲಿಸಿ (ಪಾಲಿಸಿ ಇದ್ದವರು ತೀರಿಕೊಂಡರೆ ಮಾತ್ರ ಹಣ ಕೊಡುವ ವಿಮೆ) ತೆಗೆದುಕೊಂಡು ಪ್ರತಿ ವರ್ಷ ಪ್ರೀಮಿಯಂ ಕಟ್ಟಿ. ಸಾಲ ಬೇರೆ ಬ್ಯಾಂಕಿಗೆ ಹೋದರೂ ಆ ಪಾಲಿಸಿ ನಿಮ್ಮ ಜೊತೆಗೇ ಇರುತ್ತದೆ.

## ಹಂತ 6: ಮನೆ ಇನ್ನೂ ಕಟ್ಟುತ್ತಿದ್ದರೆ ಬೇರೆ ಶೀಟ್

ಕಟ್ಟುತ್ತಿರುವ ಪ್ರಾಜೆಕ್ಟ್ ಆದರೆ ಬ್ಯಾಂಕ್ ಹಣವನ್ನು ಕಂತು ಕಂತಾಗಿ ಬಿಡುಗಡೆ ಮಾಡುತ್ತದೆ. ಬಿಡುಗಡೆಯಾದ ಹಣಕ್ಕೆ ಮಾತ್ರ ಬಡ್ಡಿ ಕಟ್ಟುವುದಕ್ಕೆ ಪ್ರೀ-ಇಎಂಐ ಅನ್ನುತ್ತಾರೆ. ಇದರಲ್ಲಿ ಒಂದು ರೂಪಾಯಿ ಅಸಲೂ ಕರಗುವುದಿಲ್ಲ. ಮೂರು ವರ್ಷದಲ್ಲಿ ಸರಾಸರಿ 30 ಲಕ್ಷ ಬಿಡುಗಡೆಯಾಗಿದ್ದರೆ ಬಡ್ಡಿಯೇ 7.65 ಲಕ್ಷ. ಅದೇ ಸಮಯದಲ್ಲಿ ತಿಂಗಳಿಗೆ 25 ಸಾವಿರ ಬಾಡಿಗೆ ಕೊಡುತ್ತಿದ್ದರೆ ಅದು 9 ಲಕ್ಷ. ಎರಡೂ ಸೇರಿ 16.65 ಲಕ್ಷ ಹೋಯಿತು, 20 ವರ್ಷದ ಎಣಿಕೆ ಇನ್ನೂ ಶುರುವೇ ಆಗಿಲ್ಲ. ಸಾಧ್ಯವಾದರೆ ಮೊದಲಿನಿಂದಲೇ ಪೂರ್ತಿ ಇಎಂಐ ಕಟ್ಟುವ ಆಯ್ಕೆ ಕೇಳಿ.

ಬೆಂಗಳೂರಿನಲ್ಲಿ ಹಸ್ತಾಂತರ ತಡವಾಗುವುದು ಹೊಸದಲ್ಲ ಅಲ್ವಾ? ಬಿಲ್ಡರ್ ಬಾಯಲ್ಲಿ ಹೇಳುವ ದಿನಾಂಕ ಬಿಡಿ. ಕರ್ನಾಟಕ ರೇರಾ (ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರ) ವೆಬ್‌ಸೈಟಿನಲ್ಲಿ ಪ್ರಾಜೆಕ್ಟಿನ ಮುಕ್ತಾಯದ ದಿನಾಂಕ, ಅದನ್ನು ಮುಂದೂಡಿದ್ದಾರೆಯೇ ಅನ್ನುವುದು ಸಿಗುತ್ತದೆ. ಅದಕ್ಕೂ ಒಂದು ವರ್ಷ ಸೇರಿಸಿ ಲೆಕ್ಕ ಹಾಕಿ. “ಪೊಸೆಷನ್‌ವರೆಗೆ ಇಎಂಐ ನಾವೇ ಕಟ್ಟುತ್ತೇವೆ” ಅನ್ನುವ ಬಿಲ್ಡರ್ ಸ್ಕೀಮ್ ಬಗ್ಗೆ ತುಂಬ ಹುಷಾರು. ಸಾಲ ಇರುವುದು ನಿಮ್ಮ ಹೆಸರಿನಲ್ಲಿ. ಬಿಲ್ಡರ್ ನಿಲ್ಲಿಸಿದರೆ ಬ್ಯಾಂಕ್ ಹಿಡಿಯುವುದು ನಿಮ್ಮನ್ನು, ಕೆಡುವುದು ನಿಮ್ಮ ಸಿಬಿಲ್ ಸ್ಕೋರ್ (ಸಾಲ ಕಟ್ಟಿದ ದಾಖಲೆ ನೋಡಿ ಕೊಡುವ ಅಂಕ).

## ಹಂತ 7: ತೆರಿಗೆ ಉಳಿತಾಯವನ್ನು ಇದ್ದಷ್ಟೇ ಬರೆಯಿರಿ

“ಲೋನ್ ಇದ್ರೆ ಟ್ಯಾಕ್ಸ್ ಉಳಿಯುತ್ತೆ” ಅನ್ನುವ ಮಾತು ಅರ್ಧ ಸತ್ಯ. ಹಳೆಯ ತೆರಿಗೆ ಪದ್ಧತಿಯಲ್ಲಿ, ನೀವೇ ವಾಸ ಮಾಡುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ ವಿನಾಯಿತಿ. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಬಡ್ಡಿ 5.05 ಲಕ್ಷ. ಶೇ 30ರ ಸ್ಲ್ಯಾಬಿನಲ್ಲಿರುವವರಿಗೂ ಸೆಸ್ ಸೇರಿ ಉಳಿಯುವುದು 62,400 ರೂಪಾಯಿ. ಹೊಸ ಪದ್ಧತಿಯಲ್ಲಿ ವಾಸದ ಮನೆಗೆ ಈ ವಿನಾಯಿತಿಯೇ ಇಲ್ಲ. ನೀವು ಯಾವ ಪದ್ಧತಿಯಲ್ಲಿದ್ದೀರಿ ನೋಡಿ, ಹೊಸದಾದರೆ ಈ ಸಾಲಿನಲ್ಲಿ ಸೊನ್ನೆ ಬರೆಯಿರಿ. ಗಂಡ ಹೆಂಡತಿ ಇಬ್ಬರೂ ಮಾಲೀಕರಾಗಿದ್ದು, ಸಾಲದಲ್ಲೂ ಇಬ್ಬರ ಹೆಸರಿದ್ದರೆ ಹಳೆಯ ಪದ್ಧತಿಯಲ್ಲಿ ಇಬ್ಬರೂ ಬೇರೆ ಬೇರೆಯಾಗಿ 2 ಲಕ್ಷ ಕೇಳಬಹುದು.

## ಹಂತ 8: ಮನೆ ನಡೆಸುವ ಖರ್ಚು ಸೇರಿಸಿ, ಒಟ್ಟು ಹಾಕಿ

1,200 ಚದರ ಅಡಿ ಫ್ಲ್ಯಾಟಿಗೆ ಚದರ ಅಡಿಗೆ ನಾಲ್ಕೂವರೆ ರೂಪಾಯಿ ಮೇಂಟೆನೆನ್ಸ್ ಅಂದರೆ ತಿಂಗಳಿಗೆ 5,400. ವರ್ಷಕ್ಕೆ ಶೇ 6 ಏರುತ್ತಾ ಹೋದರೆ 20 ವರ್ಷದಲ್ಲಿ 23.84 ಲಕ್ಷ. ಮೇಂಟೆನೆನ್ಸ್ ತಿಂಗಳಿಗೆ 7,500 ದಾಟಿದರೆ ಅದರ ಮೇಲೆ ಶೇ 18 ಜಿಎಸ್‌ಟಿಯೂ ಬೀಳಬಹುದು. ಆಸ್ತಿ ತೆರಿಗೆ, ಬಣ್ಣ, ಲಿಫ್ಟ್ ರಿಪೇರಿ ನಿಧಿ ಬೇರೆ.

ನೀರಿನ ಬಗ್ಗೆ ಕಡ್ಡಾಯವಾಗಿ ಕೇಳಿ. ಕಾವೇರಿ ಸಂಪರ್ಕ ಇದೆಯೇ, ಬೋರ್‌ವೆಲ್ ಮಾತ್ರವೇ, ಬೇಸಿಗೆಯಲ್ಲಿ ಟ್ಯಾಂಕರ್ ಎಷ್ಟು ಬರುತ್ತದೆ? 2024ರ ಬೇಸಿಗೆಯಲ್ಲಿ ಟ್ಯಾಂಕರ್ ದರಕ್ಕೆ ಜಿಲ್ಲಾಡಳಿತವೇ ಮಿತಿ ಹಾಕಬೇಕಾಯಿತು. ಆ ವರ್ಷದ ಮಾರ್ಚ್, ಏಪ್ರಿಲ್ ತಿಂಗಳ ಮೇಂಟೆನೆನ್ಸ್ ಬಿಲ್ ತೋರಿಸಿ ಅಂತ ಅಸೋಸಿಯೇಷನ್‌ಗೆ ಕೇಳಿ. ನಿಜವಾದ ಅಂಕಿ ಅಲ್ಲಿ ಸಿಗುತ್ತದೆ.

ಈಗ ಕೂಡಿಸೋಣ. ಕೈಯಿಂದ ಕೊಟ್ಟಿದ್ದು 20 ಲಕ್ಷ, ನೋಂದಣಿ 6.08 ಲಕ್ಷ, ಪ್ರೊಸೆಸಿಂಗ್ 35 ಸಾವಿರ, ಇಎಂಐ 1 ಕೋಟಿ 24.97 ಲಕ್ಷ, ಮೇಂಟೆನೆನ್ಸ್ 23.84 ಲಕ್ಷ. ಒಟ್ಟು 1 ಕೋಟಿ 75 ಲಕ್ಷ. ಇಂಟೀರಿಯರ್, ಆಸ್ತಿ ತೆರಿಗೆ ಇದರಲ್ಲಿಲ್ಲ.

ಈ ಮೊತ್ತ ನೋಡಿ ಎದೆ ಒಡೆದುಕೊಳ್ಳಬೇಡಿ. 15 ವರ್ಷದ ನಂತರದ 52 ಸಾವಿರಕ್ಕೆ ಇಂದಿನ 52 ಸಾವಿರದ ಬೆಲೆ ಇರುವುದಿಲ್ಲ. ಸಂಬಳವೂ ಏರಿರುತ್ತದೆ. ಈ ಅವಧಿಯಲ್ಲಿ ಉಳಿಯುವ ಬಾಡಿಗೆಯನ್ನೂ ಪಕ್ಕದಲ್ಲಿ ಬರೆಯಿರಿ. ಆದರೆ ಎಂಟು ಹತ್ತು ವರ್ಷಕ್ಕೆ ಮಾರುವ ಯೋಚನೆ ಇದ್ದರೆ “80ಕ್ಕೆ ಕೊಂಡೆ, 1 ಕೋಟಿ 10ಕ್ಕೆ ಮಾರಿದೆ, 30 ಲಕ್ಷ ಲಾಭ” ಅನ್ನುವ ಲೆಕ್ಕ ಮಾತ್ರ ಬೇಡ. ಅಲ್ಲಿಯವರೆಗೆ ಕಟ್ಟಿದ ಬಡ್ಡಿ, ನೋಂದಣಿ, ಮೇಂಟೆನೆನ್ಸ್ ಕಳೆದ ಮೇಲೆ ಉಳಿದದ್ದಷ್ಟೇ ಲಾಭ.

## ಹಂತ 9: ಮುಂಗಡ ಪಾವತಿಯ ಯೋಜನೆ ಹಾಕಿ

ಫ್ಲೋಟಿಂಗ್ ದರದ ಹೋಮ್ ಲೋನ್‌ಗೆ ಮುಂಗಡ ಕಟ್ಟಿದರೆ ವ್ಯಕ್ತಿಗಳಿಗೆ ದಂಡ ಹಾಕುವಂತಿಲ್ಲ. ಖರ್ಚು ಇಳಿಸಲು ನಿಮ್ಮ ಕೈಯಲ್ಲಿರುವ ಅತಿ ದೊಡ್ಡ ಸಾಧನ ಇದೇ.

ಯಾವಾಗ ಕಟ್ಟುತ್ತೀರಿ ಅನ್ನುವುದು ಮುಖ್ಯ. ಮೊದಲ ವರ್ಷದ ಕೊನೆಯಲ್ಲಿ 1 ಲಕ್ಷ ಹೆಚ್ಚುವರಿ ಕಟ್ಟಿದರೆ ಕೊನೆಯ ಒಂಬತ್ತು ಕಂತುಗಳಿಗೂ ಸ್ವಲ್ಪ ಜಾಸ್ತಿ ಮಾಯವಾಗುತ್ತವೆ. ಉಳಿಯುವ ಬಡ್ಡಿ ಸುಮಾರು 3.85 ಲಕ್ಷ. ಅದೇ 1 ಲಕ್ಷವನ್ನು ಹದಿನೈದನೇ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು ಸುಮಾರು 52 ಸಾವಿರ. ವರ್ಷಕ್ಕೆ ಒಂದು ಹೆಚ್ಚುವರಿ ಇಎಂಐ ಕಟ್ಟುತ್ತಾ ಹೋದರೆ 20 ವರ್ಷದ ಸಾಲ 16 ವರ್ಷ 9 ತಿಂಗಳೊಳಗೆ ತೀರುತ್ತದೆ, 12 ಲಕ್ಷಕ್ಕೂ ಜಾಸ್ತಿ ಉಳಿಯುತ್ತದೆ. ಬೋನಸ್ ಬರುವ ತಿಂಗಳನ್ನೇ ಇದಕ್ಕೆ ಗುರುತಿಸಿಡಿ.

ಇಲ್ಲಿ ಆಗುವ ದೊಡ್ಡ ತಪ್ಪು: ಮುಂಗಡ ಕಟ್ಟಿದಾಗ ಬ್ಯಾಂಕ್ “ಇಎಂಐ ಇಳಿಸಲೇ, ಅವಧಿ ಇಳಿಸಲೇ” ಅಂತ ಕೇಳುತ್ತದೆ. ಇಎಂಐ ಇಳಿಸಿ ಅಂದರೆ ಉಳಿತಾಯದ ದೊಡ್ಡ ಭಾಗ ಕೈತಪ್ಪುತ್ತದೆ. ಅವಧಿ ಇಳಿಸಿ ಅನ್ನಿ. ಕಟ್ಟಿದ ಮೇಲೆ ಹೊಸ ಪಟ್ಟಿ ತೆಗೆದು, ಹಣ ಅಸಲಿಗೇ ಜಮೆಯಾಗಿದೆಯೇ ನೋಡಿ.

ಕ್ರಮ ತಪ್ಪಬೇಡಿ. ಮೊದಲು ಕ್ರೆಡಿಟ್ ಕಾರ್ಡ್, ಪರ್ಸನಲ್ ಲೋನ್ ತೀರಲಿ. ಆಮೇಲೆ ಆರು ತಿಂಗಳ ತುರ್ತು ಹಣ. ಅದಾದ ಮೇಲೆ ಮುಂಗಡ. ಇಟ್ಟ ಹಣವನ್ನೆಲ್ಲ ಸಾಲಕ್ಕೆ ಸುರಿದು ಕೆಲಸ ಹೋದಾಗ ಪರದಾಡುವುದು ಬೇಡ. ಬ್ಯಾಂಕ್ ಆ ಹಣ ವಾಪಸ್ ಕೊಡುವುದಿಲ್ಲ. ಬೇಕೆಂದಾಗ ಹಿಂದೆ ತೆಗೆಯುವ ಅನುಕೂಲ ಬೇಕಾದವರು ಓವರ್‌ಡ್ರಾಫ್ಟ್ ಮಾದರಿಯ ಹೋಮ್ ಲೋನ್ ವಿಚಾರಿಸಬಹುದು. ಅದರ ಬಡ್ಡಿ ಸಾಮಾನ್ಯವಾಗಿ ಸ್ವಲ್ಪ ಜಾಸ್ತಿ.

## ಹಂತ 10: ವರ್ಷಕ್ಕೊಮ್ಮೆ ತಪಾಸಣೆ, ಬೇಕಾದರೆ ವರ್ಗಾವಣೆ

ಪ್ರತಿ ಏಪ್ರಿಲ್‌ನಲ್ಲಿ ಮೂರು ಅಂಕಿ ನೋಡಿ: ಬಾಕಿ, ದರ, ಉಳಿದ ಕಂತು. ವರ್ಷ ಕಳೆದರೂ ಉಳಿದ ಕಂತು 12 ಕಡಿಮೆಯಾಗಿಲ್ಲ ಅಂದರೆ ಅವಧಿ ಸದ್ದಿಲ್ಲದೆ ಹಿಗ್ಗಿದೆ. ಹೊಸ ಗ್ರಾಹಕರಿಗೆ ಅದೇ ಬ್ಯಾಂಕ್ ನಿಮಗಿಂತ ಕಡಿಮೆ ದರ ಕೊಡುತ್ತಿದ್ದರೆ ಮೊದಲು ಅಲ್ಲೇ ದರ ಇಳಿಸಲು ಅರ್ಜಿ ಕೊಡಿ. ಒಂದು ಚಿಕ್ಕ ಫೀಗೆ ಕೆಲಸ ಆಗಬಹುದು.

ಬೇರೆ ಬ್ಯಾಂಕಿಗೆ ಹೋಗುವುದಾದರೆ ಅವಧಿಯ ಮೇಲೆ ಕಣ್ಣಿಡಿ. ಐದು ವರ್ಷ ಮುಗಿದಿದೆ, ಬಾಕಿ 52.88 ಲಕ್ಷ. ಹಳೆಯ ಸಾಲದಲ್ಲೇ ಉಳಿದರೆ ಇನ್ನು ಕಟ್ಟಬೇಕಾದ್ದು 93.72 ಲಕ್ಷ. ಶೇ 8ಕ್ಕೆ ಹೊಸ ಬ್ಯಾಂಕ್ ಕರೆಯುತ್ತದೆ, ಆದರೆ ಮತ್ತೆ 20 ವರ್ಷಕ್ಕೆ. ಇಎಂಐ 7,800 ಇಳಿಯುತ್ತದೆ, ಖುಷಿಯಾಗುತ್ತದೆ. ಒಟ್ಟು ಕಟ್ಟುವುದು 1 ಕೋಟಿ 6 ಲಕ್ಷ, ಅಂದರೆ 12 ಲಕ್ಷಕ್ಕೂ ಜಾಸ್ತಿ ನಷ್ಟ. ಅದೇ ಶೇ 8ಕ್ಕೆ ಉಳಿದ 15 ವರ್ಷವನ್ನೇ ಇಟ್ಟುಕೊಂಡರೆ 2.77 ಲಕ್ಷ ಉಳಿತಾಯ. ಅದರಿಂದ ಪ್ರೊಸೆಸಿಂಗ್, ವಕೀಲರ ಫೀ, ಹೊಸ ಎಂಒಡಿಟಿ ಖರ್ಚು ಕಳೆದು ನೋಡಿ ನಿರ್ಧರಿಸಿ.

## ಹಂತ 11: ಸಾಲ ತೀರಿದ ಮೇಲೆ ಮಾಡಲೇಬೇಕಾದ ಕೆಲಸ

ಕೊನೆಯ ಕಂತು ಕಟ್ಟಿ ಸುಮ್ಮನಾಗುವವರಿದ್ದಾರೆ. ಮನೆ ಮಾರುವಾಗ ಇದು ತೊಂದರೆ ಕೊಡುತ್ತದೆ. ಸಾಲ ತೀರಿದ 30 ದಿನದೊಳಗೆ ಬ್ಯಾಂಕ್ ಮೂಲ ಪತ್ರಗಳನ್ನು ವಾಪಸ್ ಕೊಡಬೇಕು. ತನ್ನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಸಾಲ ಕೊಟ್ಟಾಗ ಮಾಡಿಕೊಂಡ ಪತ್ರಗಳ ಪಟ್ಟಿಯ ಜೊತೆ ಒಂದೊಂದನ್ನೂ ಹೋಲಿಸಿ ಪಡೆಯಿರಿ. ಬಾಕಿ ಇಲ್ಲ ಅನ್ನುವ ಪತ್ರ ತೆಗೆದುಕೊಳ್ಳಿ. ಬ್ಯಾಂಕ್ ಖಾತೆಯಿಂದ ಕಂತು ಹಿಡಿಯುವ ಸೂಚನೆಯನ್ನು ರದ್ದು ಮಾಡಿಸಿ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡವು ಬಿಡುಗಡೆಯನ್ನು ನೋಂದಣಿ ಮಾಡಿಸಿ, ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ ಹೊಸ ಇಸಿ (ಆಸ್ತಿಯ ಮೇಲಿನ ಋಣಭಾರ ತೋರಿಸುವ ಪತ್ರ) ತೆಗೆದು ಬಿಡುಗಡೆಯ ನಮೂದು ಬಂದಿದೆಯೇ ನೋಡಿ. ಒಂದೆರಡು ತಿಂಗಳಾದ ಮೇಲೆ ಸಿಬಿಲ್ ವರದಿ ತೆಗೆಯಿರಿ. ಅಲ್ಲಿ ಸಾಲ ಇನ್ನೂ ಚಾಲ್ತಿಯಲ್ಲಿದೆ ಅಂತ ಇದ್ದರೆ, ಬಾಕಿ ಇಲ್ಲದ ಪತ್ರದ ಪ್ರತಿ ಲಗತ್ತಿಸಿ ಬ್ಯಾಂಕಿಗೂ ಸಿಬಿಲ್‌ಗೂ ಅದೇ ದಿನ ದೂರು ಹಾಕಿ.